ಆ ಕನ್ನಡಕ ಅಲ್ಲಿಯೇ ಇರಲಿ

ಪ್ರಶ್ನೆ: ಮಾವನವರು ತೀರಿಕೊಂಡು ನಾಲ್ಕು ತಿಂಗಳಾಯಿತು. ಅತ್ತೆ ಸರಿಯಾಗಿ ಉಣ್ಣುವುದಿಲ್ಲ. ಮಾವನವರ ಕನ್ನಡಕವನ್ನು ದಿನವೂ ಒರೆಸಿಡುತ್ತಾರೆ. ಮಾವನವರ ವಸ್ತುಗಳನ್ನೆಲ್ಲ ತೆಗೆದುಬಿಡಲೇ? – ಸೊಸೆ, ಶಿವಮೊಗ್ಗ

ತೆಗೆಯಬೇಡಿರಮ್ಮ. ಜೀವಮಾನವೆಲ್ಲ ಒಡನೆ ಬಾಳಿದವರ ಕನ್ನಡಕವನ್ನು ಸೆರಗಿನಿಂದ ಒರೆಸಿ, ಮಡಿಸಿ, ಅದರ ಸ್ಥಾನದಲ್ಲಿಯೇ ಇಡುವುದು ರೋಗಲಕ್ಷಣವಲ್ಲ. ಯಾವುದನ್ನು ಇರಿಸಿಕೊಳ್ಳಬೇಕು, ಯಾವುದನ್ನು ಕೊಟ್ಟುಬಿಡಬೇಕು ಎಂಬ ನಿರ್ಣಯ ಅವರದೇ ಆಗಿರಲಿ. ಮಾವನವರ ಹೆಸರೆತ್ತಿ ನೀವೇ ಮಾತನಾಡಿಸಿ, ಹೇಳಿದ ಸಂಗತಿಯನ್ನೇ ಹತ್ತನೆಯ ಬಾರಿ ಹೇಳಿದರೂ ಕೇಳಿರಿ.

ನನಗೆ ಚಿಂತೆಯಿರುವುದು ಊಟದ ವಿಷಯದಲ್ಲಿ. ಒತ್ತಾಯಿಸುವುದಕ್ಕೆ ಬದಲಾಗಿ ಗಂಜಿಯನ್ನೋ ಮೊಸರನ್ನವನ್ನೋ ಬಡಿಸಿಕೊಂಡು ಅವರ ಜೊತೆಗೇ ಉಣ್ಣಲು ಕುಳಿತುಕೊಳ್ಳಿರಿ. ನಿತ್ಯದ ಮಾತ್ರೆಗಳೇನಾದರೂ ಇದ್ದರೆ ತಪ್ಪದಂತೆ ನೋಡಿಕೊಂಡು, ಈ ವಾರವೇ ನಿಮ್ಮ ವೈದ್ಯರಲ್ಲಿ ಅವರ ತೂಕವನ್ನೂ ರಕ್ತವನ್ನೂ ಪರೀಕ್ಷೆ ಮಾಡಿಸಿರಿ. ಆರು ತಿಂಗಳು ಕಳೆದ ಮೇಲೂ ಹಂಬಲದ ತೀವ್ರತೆ ಇಳಿಯದೆ ನಿತ್ಯದ ಬದುಕು ಸ್ತಬ್ಧವಾಗಿಯೇ ಇದ್ದರೆ ಮನೋವೈದ್ಯರನ್ನು ಕಾಣುವುದು ಅವಶ್ಯ. ಆದರೆ "ನಾನೂ ಅವರ ಹಿಂದೆಯೇ ಹೋಗಿಬಿಡುತ್ತೇನೆ" ಎಂಬ ಮಾತು ಎಂದು ಬಂದರೂ, ದುಃಖದ ಮಾತೆಂದು ಉಪೇಕ್ಷಿಸದೆ, ಒಂಟಿಯಾಗಿ ಬಿಡದೆ, ಅಂದೇ ಕರೆದೊಯ್ಯಿರಿ. ಮಾನಸಿಕ ಆರೋಗ್ಯದ ಸಹಾಯವಾಣಿ ಟೆಲಿ ಮಾನಸ್‌ನ 14416 ಸಂಖ್ಯೆಗೆ ಹಗಲಿರುಳೆನ್ನದೆ ಉಚಿತವಾಗಿ ಕರೆಮಾಡಿ ಕನ್ನಡದಲ್ಲಿಯೇ ಮಾತನಾಡಬಹುದು.

ವರ್ಷಾಬ್ದಿಕ ಸಮೀಪಿಸಿದಾಗ ದುಃಖ ಮರುಕಳಿಸುವುದು ಸಹಜ. ಆ ವಾರ ನಿಮ್ಮ ಯಜಮಾನರು ರಜೆ ಹಾಕಿ ತಾಯಿಯ ಬಳಿಯಿರಲಿ.