ಚಿಂದಿ ಆರಿಸುವ ಕೋಣೆಯಿಂದ ಶುರು

ಪುಣೆಗೆ ಬರುವ ನೆಂಟರಿಗೆ ಊರು ತೋರಿಸಲು ಇಲ್ಲಿ ನೆಲೆಸಿದ ಕನ್ನಡಿಗರೆಲ್ಲರ ಹತ್ತಿರ ಹೆಚ್ಚುಕಡಿಮೆ ಒಂದೇ ಪಟ್ಟಿ ಇರುತ್ತದೆ: ಶನಿವಾರವಾಡೆ, ದಗಡೂಶೇಟ್ ಗಣಪತಿ, ಸಿಂಹಗಡ, ಹೊತ್ತುಳಿದರೆ ತುಳಶೀಬಾಗಿನಲ್ಲಿ ಖರೀದಿ. ನಾನು ಅದಕ್ಕೆ ಶಿವಾಜಿನಗರದ ಕೈಕಾಗದ ಸಂಸ್ಥೆಯನ್ನು ಸೇರಿಸಿಕೊಂಡು ಬಹಳ ವರ್ಷಗಳಾದವು. ಧಾರವಾಡದಿಂದ ಬಂದವರು ಮೊದಲು ಮುಖ ಮುಖ ನೋಡಿಕೊಳ್ಳುತ್ತಾರೆ. ಕಾಗದದಲ್ಲಿ ನೋಡುವಂಥದ್ದು ಏನಿದೆ ಎಂಬ ಪ್ರಶ್ನೆ ಬಾಯಿಗೆ ಬಂದಿರುತ್ತದೆ, ಹಿರಿಯನೆಂದು ನನ್ನೆದುರು ಕೇಳುವುದಿಲ್ಲ.

ಕೇಳಿದವನು ಅಣ್ಣನ ಮಗ. ಅವನೂ ಅವನ ಹೆಂಡತಿಯೂ ವಿಯೆಟ್ನಾಂ ಪ್ರವಾಸ ಮುಗಿಸಿಕೊಂಡು ನಮ್ಮ ಮನೆಗೆ ಬಂದಿದ್ದರು. ಹನೋಯ್ ಸುತ್ತಮುತ್ತ ಒಂದೊಂದು ಊರಿಗೆ ಒಂದೊಂದು ಕಸುಬು. ಕೆಂಪು ನದಿಯ ದಂಡೆಯ ಬಾತ್ ಚಾಂಗ್ ಕುಂಬಾರರದು, ವಾನ್ ಫುಕ್ ರೇಷ್ಮೆ ನೇಕಾರರದು. ಗೈಡು ಇವರನ್ನು ಬಾತ್ ಚಾಂಗ್‌ಗೆ ಕರೆದೊಯ್ದು ತಿಗರಿಯ ಮುಂದೆ ಕೂರಿಸಿದ್ದನಂತೆ. ಮೊಣಕೈವರೆಗೆ ಮಣ್ಣು ಮೆತ್ತಿಕೊಂಡು ನಗುತ್ತಿರುವ ಫೋಟೊಗಳನ್ನು ಮನೆಮಂದಿಯೆಲ್ಲ ನೋಡಿದೆವು. ಚೆನ್ನಾಗಿಯೇ ಇದ್ದವು. ಆಮೇಲೆ ಹುಡುಗ ಕೇಳಿದ: “ಕಾಕಾ, ನಮ್ಮ ಕಡೆ ಹಿಂಗ ಕೈಯಾರೆ ಮಾಡಿ ನೋಡೂ ಅಂಥಾದ್ದು ಏನರ ಐತೇನ್ರಿ?” ಮರುದಿನ ಬೆಳಗ್ಗೆ ಅವರಿಬ್ಬರನ್ನೂ ಶಿವಾಜಿನಗರಕ್ಕೆ ಹೊರಡಿಸಿದೆ.

ಈ ಸಂಸ್ಥೆ ಶುರುವಾದದ್ದು 1940ರಲ್ಲಿ, ಗಾಂಧೀಜಿಯವರ ಪ್ರೇರಣೆಯಿಂದ. 1934ರ ಕೊನೆಯಲ್ಲಿ ವರ್ಧಾದಲ್ಲಿ ಅಖಿಲ ಭಾರತ ಗ್ರಾಮೋದ್ಯೋಗ ಸಂಘ ಹುಟ್ಟಿತು. ಜೆ.ಸಿ. ಕುಮಾರಪ್ಪನವರು ಅದನ್ನು ನಡೆಸಿದರು. ಗಾಣ, ಬೆಲ್ಲ, ಜೇನಿನ ಜೊತೆಗೆ ಸಂಘ ಕೈಗೆತ್ತಿಕೊಂಡ ಕಸುಬುಗಳಲ್ಲಿ ಕಾಗದವೂ ಒಂದು. ಗಿರಣಿ ಕಾಗದ ಬಂದ ಮೇಲೆ ನೆಲ ಹಿಡಿದಿದ್ದ ಈ ಕಸುಬಿನ ಮೇಲೆ ರಸಾಯನಶಾಸ್ತ್ರ ಬಲ್ಲ ಕೆ.ಬಿ. ಜೋಶಿ ಎಂಬವರು ಕೆಲಸ ಮಾಡಿ ಪುಣೆಯಲ್ಲಿ ಸಂಸ್ಥೆಯನ್ನು ನಿಲ್ಲಿಸಿದರು. ಅದಿರುವ ರಸ್ತೆಗೂ ಈಗ ಅವರದೇ ಹೆಸರು. ನಮ್ಮ ಸಂವಿಧಾನದ ಹಿಂದಿ ಪ್ರತಿಯನ್ನು ವಸಂತ ಕೃಷ್ಣ ವೈದ್ಯ ಕೈಬರಹದಲ್ಲಿ ಇಳಿಸಿದ್ದು ಪುಣೆಯ ಈ ಕೈಕಾಗದದ ಮೇಲೆ. ಇದನ್ನು ಹೇಳಿದ ಮೇಲೆ ನೆಂಟರು ಸ್ವಲ್ಪ ನೆಟ್ಟಗೆ ನಿಲ್ಲುತ್ತಾರೆ.

ಬರುವವರೆಲ್ಲರ ಕಾಲು ನೇರ ಹೋಗುವುದು ತೊಟ್ಟಿಯ ಹತ್ತಿರ. ನೀರಿನಲ್ಲಿ ಪಲ್ಪ್ ಕದಡಿರುತ್ತದೆ. ಅದು ಗಟ್ಟಿಯಾಗಿರುತ್ತದೆ ಅಂದುಕೊಂಡು ಬಂದವರಿಗೆ ಆಶ್ಚರ್ಯ, ಏಕೆಂದರೆ ನೋಡಲು ಅಕ್ಕಿ ತೊಳೆದ ನೀರಿನ ಹಾಗಿರುತ್ತದೆ. ಕೆಲಸಗಾರ ಜಾಲರಿ ಬಿಗಿದ ಚೌಕಟ್ಟನ್ನು ಅದರೊಳಗೆ ಇಳಿಸಿ ಮೇಲೆತ್ತಿ, ಮುಂದೆ ಹಿಂದೆ ಒಮ್ಮೆ, ಎಡಕ್ಕೆ ಬಲಕ್ಕೆ ಒಮ್ಮೆ ಅಲುಗಿಸುತ್ತಾನೆ. ನೀರು ಸೋರಿ, ಜಾಲರಿಯ ಮೇಲೆ ಬಿಳಿ ಹಾಳೆ ಕೂತಿರುತ್ತದೆ. ಎಲ್ಲರಿಗೂ ಮೊಬೈಲು ನೆನಪಾಗುವುದು ಈ ಘಳಿಗೆಯಲ್ಲೇ. ಹುಡುಗ ಕೇಳಿಕೊಂಡ, ಅವನ ಕೈಗೂ ಚೌಕಟ್ಟು ಬಂತು. ಅವನ ಹಾಳೆ ಒಂದು ಮೂಲೆಯಲ್ಲಿ ದಪ್ಪ, ಇನ್ನೊಂದು ಮೂಲೆಯಲ್ಲಿ ತೂತು. ಕೆಲಸಗಾರ ಏನೂ ಅನ್ನದೆ ಜಾಲರಿಯನ್ನು ತೊಟ್ಟಿಯ ಮೇಲೆ ಮಗುಚಿ ತಟ್ಟಿದ, ಹಾಳೆ ಮತ್ತೆ ನೀರಾಯಿತು.

ಇಂಥ ಭೇಟಿಗಳಿಂದ ನಾನು ಕಲಿತದ್ದರಲ್ಲಿ ದೊಡ್ಡದು ಇದು: ನಮ್ಮ ಕೈಗೆ ಕೊಡುವ ಹಂತ ಯಾವಾಗಲೂ ಕಣ್ಣಿಗೆ ಕಟ್ಟುವ ಹಂತವೇ ಹೊರತು ಕಸುಬು ನಿಂತಿರುವ ಹಂತವಲ್ಲ. ತೊಟ್ಟಿಯ ಕೆಲಸ ಸುಲಭ ಎನ್ನುತ್ತಿಲ್ಲ. ಒಂದೇ ತೂಕದ ಹಾಳೆ ದಿನವಿಡೀ ಎತ್ತಬೇಕಾದರೆ ಕೈ ಪಳಗಬೇಕು, ಆ ತೊಂದರೆಗೇ ಕೆಲವು ಘಟಕಗಳಲ್ಲಿ ಪಲ್ಪನ್ನು ಅಳೆದು ಚೌಕಟ್ಟಿಗೆ ಸುರಿಯುವ ವ್ಯವಸ್ಥೆ ಮಾಡಿಕೊಂಡಿದ್ದಾರೆ. ಆದರೆ ಹಾಳೆಯ ಹಣೆಬರಹ ತೊಟ್ಟಿಗೆ ಬರುವ ಮೊದಲೇ ಬರೆದಾಗಿರುತ್ತದೆ.

ಹಿಂದಕ್ಕೆ ಹೋಗಬೇಕು, ಚಿಂದಿಯ ಗುಡ್ಡೆ ಇರುವಲ್ಲಿಗೆ. ಈ ಕಾಗದಕ್ಕೆ ಮರ ಕಡಿಯುವುದಿಲ್ಲ, ಹತ್ತಿ ಬಟ್ಟೆಯ ಚೂರೇ ಬಂಡವಾಳ. ಬನಿಯನ್ ಕಾರ್ಖಾನೆಯ, ದರ್ಜಿ ಅಂಗಡಿಯ ಕತ್ತರಿಕೆಗಳು ಮೂಟೆಯಲ್ಲಿ ಬರುತ್ತವೆ. ಅದರಲ್ಲಿ ಗುಂಡಿ, ಜಿಪ್ಪು, ಇಲಾಸ್ಟಿಕ್, ಪಾಲಿಯೆಸ್ಟರ್ ದಾರ ಎಲ್ಲ ಕೂಡಿಕೊಂಡಿರುತ್ತವೆ. ಒಂದೊಂದೇ ಚೂರು ಕೈಯಲ್ಲಿ ತಿರುವಿ ಬೇರೆ ಮಾಡಬೇಕು. ಹತ್ತಿಯ ನಾರು ಅರೆದರೆ ಬಿಡಿಬಿಡಿಯಾಗುತ್ತದೆ, ಪಾಲಿಯೆಸ್ಟರ್ ಆಗುವುದಿಲ್ಲ. ತಪ್ಪಿ ಹೋದ ಒಂದು ದಾರ ಕೊನೆಗೆ ಹಾಳೆಯ ಮೇಲೆ ಹುಳುವಿನ ಹಾಗೆ ಎದ್ದು ಕಾಣುತ್ತದೆ. ನಾನು ನೋಡಿದ ಕಡೆಗಳಲ್ಲೆಲ್ಲ ಈ ಕೆಲಸಕ್ಕೆ ಕೂತವರು ಹೆಂಗಸರು. ಒಬ್ಬಾಕೆಯನ್ನು “ಮಾವಶಿ, ಇದು ಹತ್ತಿ ಅಂತ ಹೇಗೆ ಗೊತ್ತಾಗುತ್ತದೆ?” ಎಂದು ಮರಾಠಿಯಲ್ಲಿ ಕೇಳಿದೆ. ಉತ್ತರ ಬರಲಿಲ್ಲ. ಎರಡು ಚೂರು ತೆಗೆದು ನನ್ನ ಅಂಗೈಯಲ್ಲಿಟ್ಟು, ಹೆಬ್ಬೆರಳಿನಿಂದ ಉಜ್ಜಿ ನೋಡು ಎಂದು ಸನ್ನೆ ಮಾಡಿದರು. ಒಂದು ಜಾರಿತು, ಇನ್ನೊಂದು ಬೆರಳನ್ನು ಹಿಡಿಯಿತು. ಅಣ್ಣನ ಸೊಸೆ ಅವರ ಪಕ್ಕದಲ್ಲಿ ಕೂತು ಕೈಹಾಕಿದಳು. ವಿಯೆಟ್ನಾಮಿನ ತಿಗರಿಗಿಂತ ಇಲ್ಲಿಯೇ ಅವಳಿಗೆ ಹೆಚ್ಚು ಪಾಠವಾಯಿತು ಎಂದು ನನ್ನ ಅಂದಾಜು, ಫೋಟೊ ಮಾತ್ರ ಒಂದೂ ಇಲ್ಲ.

ಆರಿಸಿ ಕತ್ತರಿಸಿದ ಚಿಂದಿ ಬೀಟರಿಗೆ ಹೋಗುತ್ತದೆ. ಹಾಲೆಂಡಿನವರು 17ನೇ ಶತಮಾನದಲ್ಲಿ ಕಂಡುಹಿಡಿದ ಯಂತ್ರ, ಹೆಸರೂ ಹಾಲೆಂಡರ್ ಬೀಟರ್ ಅಂತಲೇ. ಉದ್ದನೆಯ ತೊಟ್ಟಿಯಲ್ಲಿ ಹಲ್ಲುಗಳಿರುವ ಉರುಳೆ ತಿರುಗುತ್ತ ನೀರು, ಚಿಂದಿ ಎರಡನ್ನೂ ಗಂಟೆಗಟ್ಟಲೆ ಸುತ್ತಿಸಿ ಅರೆಯುತ್ತದೆ. ಕಾಗದಕ್ಕೆ ಅಂಟು ಹಾಕಿ ನಾರುಗಳನ್ನು ಕೂಡಿಸುತ್ತಾರೆ ಎಂದೇ ಬಹಳ ಜನರ ತಿಳಿವಳಿಕೆ. ಹಾಗಲ್ಲ. ಅರೆದಾಗ ನಾರಿನ ಮೈ ಬಿರಿದು ಸಣ್ಣ ಎಳೆಗಳೇಳುತ್ತವೆ, ಒಣಗುವಾಗ ಆ ಎಳೆಗಳು ತಾವೇ ಒಂದಕ್ಕೊಂದು ಕಚ್ಚಿಕೊಳ್ಳುತ್ತವೆ. ಕಡಿಮೆ ಅರೆದರೆ ಹಾಳೆ ಸಡಿಲು, ಅತಿಯಾದರೆ ನೀರು ಸೋರದು, ಒಣಗುವಾಗ ಹಾಳೆ ಸುರುಟಿಕೊಳ್ಳುತ್ತದೆ. ಸಾಕಾಯಿತೋ ಇಲ್ಲವೋ ಎಂದು ಹೇಳಬೇಕಾದವನು ಬೀಟರಿನ ಮುಂದೆ ನಿಂತವನು. ಅವನ ಪಕ್ಕದಲ್ಲಿ ನಿಂತು ಫೋಟೊ ತೆಗೆಸಿಕೊಂಡ ಪ್ರವಾಸಿಯನ್ನು ನಾನಂತೂ ಕಂಡಿಲ್ಲ.

ಎತ್ತಿದ ಹಾಳೆಗಳನ್ನು ಬಟ್ಟೆಯ ನಡುನಡುವೆ ಪೇರಿಸಿ, ಪ್ರೆಸ್ಸಿನಲ್ಲಿ ಹಿಂಡಿ, ತೂಗುಹಾಕಿ ಒಣಗಿಸಿ, ಶಾಯಿ ಹರಡದ ಹಾಗೆ ಸೈಜಿಂಗ್ ಮಾಡಿ, ಲೋಹದ ತಗಡುಗಳ ನಡುವೆ ಒತ್ತಿ ನುಣುಪು ತರುತ್ತಾರೆ. ಇದಕ್ಕೆಲ್ಲ ದಿನಗಳು ಹಿಡಿಯುತ್ತವೆ. ಆದ್ದರಿಂದ ಬೆಳಗ್ಗೆ ನೀವು ಎತ್ತಿದ ಹಾಳೆಯನ್ನು ಸಂಜೆ ಮನೆಗೊಯ್ಯುವ ಆಸೆ ಬಿಡಬೇಕು. ಮಳೆಗಾಲದಲ್ಲಂತೂ ಕೇಳಲೇ ಬೇಡಿ.

ಬಟ್ಟೆಯಿಂದ ಬರೆಯುವ ಹಾಳೆ ಮಾಡುವುದು ಕನ್ನಡಿಗರಿಗೆ ಹೊಸದಲ್ಲ. ಬಟ್ಟೆಗೆ ಹುಣಸೆಬೀಜದ ಸರಿ, ಇದ್ದಿಲ ಪುಡಿ ಬಳಿದು ಒಣಗಿಸಿ, ಮಡಿಕೆ ಮಡಿಕೆಯಾಗಿ ಮಡಚಿ, ಬಳಪದಿಂದ ಬರೆಯುತ್ತಿದ್ದ ಕಡತಗಳು ನಮ್ಮ ಮಠಗಳಲ್ಲಿ, ಶಾನುಭೋಗರ ಮನೆಗಳಲ್ಲಿ ಇದ್ದವು. ಲೆಕ್ಕ ಮುಗಿದರೆ ಒರೆಸಿ ಮತ್ತೆ ಬರೆಯಬಹುದಿತ್ತು. ಇತ್ತ ಮರಾಠರ ದಫ್ತರುಗಳಿಗೆ ಕಾಗದ ಬರುತ್ತಿದ್ದುದು ಜುನ್ನರ್, ದೌಲತಾಬಾದ್ ಕಡೆಯಿಂದ. ಅಲ್ಲಿನ ಕಾಗದಿಗಳು ನೆಲದಲ್ಲಿ ತೋಡಿದ ತೊಟ್ಟಿಯ ಅಂಚಿಗೆ ಕುಕ್ಕರಗಾಲಲ್ಲಿ ಕೂತು, ಹುಲ್ಲುಕಡ್ಡಿಯ ಚಾಪೆಯಿಂದ ಹಾಳೆ ಎತ್ತಿ, ಒಣಗಿದ ಮೇಲೆ ಕಲ್ಲಿನಿಂದ ತಿಕ್ಕಿ ಹೊಳಪು ಕೊಡುತ್ತಿದ್ದರು. ಪುಣೆಯ ಕಸಬಾ ಪೇಟೆಯಲ್ಲಿ ಇವತ್ತಿಗೂ ಕಾಗದೀಪುರಾ ಎಂಬ ಭಾಗವಿದೆ.

ಕಸಬಾ ಪೇಟೆ ಶಿವಾಜಿನಗರದಿಂದ ದೂರವಲ್ಲ, ಮುಠಾ ಹೊಳೆ ದಾಟಿದರೆ ಬಂತು. ಕುಂಬಾರರ ಕುಂಭಾರವಾಡಾ, ಬಿದಿರಿನವರ ಬುರೂಡ ಆಳಿ, ತಾಮ್ರದವರ ತಾಂಬಟ ಆಳಿ, ಎಲ್ಲ ಅಲ್ಲಿಯೇ. ಕಾಗದ ನೋಡಿದ ಮೇಲೆ ನಾನು ನೆಂಟರನ್ನು ತಾಂಬಟ ಆಳಿಗೆ ಕರೆದೊಯ್ಯುತ್ತೇನೆ. ದಾರಿ ಕೇಳಬೇಕಿಲ್ಲ, ಬಡಿತದ ಸದ್ದೇ ದಾರಿ ತೋರಿಸುತ್ತದೆ. ಹಿಂದೆ ಹಂಡೆ, ಕೊಡ, ಸ್ನಾನದ ನೀರು ಕಾಯಿಸುವ ಬಂಬು ಮಾಡುತ್ತಿದ್ದ ಮನೆಗಳು. ನಮ್ಮ ಹುಬ್ಬಳ್ಳಿ, ಬೆಳಗಾವಿ ಕಡೆಯ ಬಚ್ಚಲಲ್ಲೂ ಅಂಥ ಬಂಬು ನಿಂತಿರುತ್ತಿತ್ತು. ಸ್ಟೀಲು, ಗೀಸರು ಬಂದು ಅವೆಲ್ಲ ಅಟ್ಟ ಸೇರಿದವು. ಈಗ ತಟ್ಟೆ, ತಂಬಿಗೆ, ದೀಪದ ಬುರುಡೆ ಹೆಚ್ಚು.

ಇಲ್ಲಿಯೂ ಕಥೆ ಅದೇ. ಬಂದವರ ಕೈಗೆ ಸುತ್ತಿಗೆ ಕೊಟ್ಟು ಒಂದು ತಗಡಿನ ಮೇಲೆ ನಾಲ್ಕು ಏಟು ಹಾಕಿಸುತ್ತಾರೆ. ಸಾಲಾಗಿ ಬೀಳುವ, ಕನ್ನಡಿಯ ಹಾಗೆ ಹೊಳೆಯುವ ಆ ಸಣ್ಣ ಗುಳಿಗಳಿಗೆ ಮರಾಠಿಯಲ್ಲಿ ಮಠಾರಕಾಮ್ ಎನ್ನುತ್ತಾರೆ. ಅದು ಬರೀ ಅಲಂಕಾರ ಎಂದು ಕೊಳ್ಳುವವರು ತಿಳಿಯುತ್ತಾರೆ. ತಾಮ್ರ ಬಡಿದಷ್ಟೂ ಗಡುಸಾಗುವ ಲೋಹ, ತೆಳು ತಗಡಿನ ಪಾತ್ರೆ ಸೊಟ್ಟಾಗದೆ ನಿಲ್ಲುವುದು ಆ ಬಡಿತದಿಂದ. ಆಕಾರ ಕೊಡುವಾಗ ಗಡುಸು ಹೆಚ್ಚಾದರೆ ತಗಡು ಸೀಳುತ್ತದೆ, ಆಗ ಕೆಂಪಗೆ ಕಾಯಿಸಿ ಮೆತ್ತಗೆ ಮಾಡಿಕೊಂಡು ಮತ್ತೆ ಬಡಿಯಬೇಕು. ಸುತ್ತಿಗೆಯ ಮುಖದಲ್ಲಿ ಒಂದು ಗೀರಿದ್ದರೂ ಅದು ಪ್ರತಿ ಏಟಿನಲ್ಲೂ ತಾಮ್ರಕ್ಕೆ ಇಳಿಯುತ್ತದೆ, ಹಾಗಾಗಿ ಪಾತ್ರೆಗಿಂತ ಮುಂಚೆ ಸುತ್ತಿಗೆಗೆ ಪಾಲಿಶ್. ಕಾಗದದ ತೊಟ್ಟಿಯಲ್ಲಿ ಕೆಟ್ಟದ್ದನ್ನು ನೀರಿಗೆ ಮರಳಿಸಬಹುದು, ಇಲ್ಲಿ ವಾರೆಯಾಗಿ ಬಿದ್ದ ಏಟು ಅರ್ಧಚಂದ್ರವಾಗಿ ಉಳಿದೇ ಬಿಡುತ್ತದೆ. ಅದಕ್ಕೇ ಮಾರುವ ಪಾತ್ರೆಯನ್ನು ಯಾರೂ ನಮ್ಮ ಕೈಗೆ ಕೊಡುವುದಿಲ್ಲ. ಕೊಡಿ ಎಂದು ಹಟ ಹಿಡಿಯುವವರನ್ನು ನೋಡಿದ್ದೇನೆ, ದುಡ್ಡು ಕೊಟ್ಟಿದ್ದೇವೆ ಎನ್ನುವುದು ಅವರ ವಾದ. ಪ್ರವಾಸದ ಟಿಕೆಟಿನಲ್ಲಿ ಇನ್ನೊಬ್ಬರ ದಿನಗೂಲಿ ಕೆಡಿಸುವ ಹಕ್ಕು ಸೇರಿರುವುದಿಲ್ಲ.

ಚೌಕಾಸಿಯ ವಿಷಯವೂ ಹೀಗೆಯೇ. ಕಾರ್ಖಾನೆಯ ಬಾಗಿಲಲ್ಲಿ ನಿಂತು ಅರ್ಧ ಬೆಲೆಗೆ ಕೇಳುವ ನಮ್ಮ ಚಾಳಿ ಚಿಂದಿ ಆರಿಸುವುದನ್ನು ನೋಡಿದ ಮೇಲೆ ತಾನಾಗಿ ಇಳಿಯುತ್ತದೆ. ನೋಡದೆ ಬಂದವರಿಗೆ ಕಾಗದ ದುಬಾರಿ ಅನ್ನಿಸುವುದು ಸಹಜ. ಕೊಳ್ಳುವವರಿಗೆ ಒಂದೆರಡು ಮಾತು: ಮದುವೆ ಪತ್ರಿಕೆಗೆ ತರಿಸುವುದಾದರೆ ಮೊದಲು ಒಂದು ಹಾಳೆ ಒಯ್ದು ನಿಮ್ಮ ಪ್ರೆಸ್ಸಿನವರಿಗೆ ತೋರಿಸಿ. ಒರಟು ಹಾಳೆಗೆ ಸ್ಕ್ರೀನ್ ಪ್ರಿಂಟಿಂಗ್ ಒಪ್ಪುತ್ತದೆ, ಎಲ್ಲ ಯಂತ್ರಗಳೂ ಅದನ್ನು ನುಂಗುವುದಿಲ್ಲ. ಬರೆಯುವುದಕ್ಕಾದರೆ ಶಾಯಿ ಪೆನ್ನಿನಿಂದ ಒಂದು ಗೆರೆ ಎಳೆದು ಹರಡುತ್ತದೆಯೋ ನೋಡಿ. ಹೂವಿನ ಎಸಳು, ಹುಲ್ಲು ಸೇರಿಸಿದ ಹಾಳೆಗಳು ನೋಡಲು ಚಂದ, ದಾಖಲೆ ಬರೆದಿಡಲು ಬಿಳಿಯ ಹತ್ತಿ ಹಾಳೆಯೇ ಸರಿ. ಹತ್ತಿಯ ನಾರು ಹೆಚ್ಚುಕಡಿಮೆ ಪೂರ್ತಿ ಸೆಲ್ಯುಲೋಸ್. ಬಿಸಿಲಿಗಿಟ್ಟ ಪತ್ರಿಕೆಯನ್ನು ಹಳದಿ ಮಾಡುವ, ಮರದಲ್ಲಿರುವ ಲಿಗ್ನಿನ್ ಅದರಲ್ಲಿ ಇರುವುದಿಲ್ಲ.

ನಮ್ಮ ಬೀದರಿನಲ್ಲೂ ಪ್ರವಾಸಿಗರ ಕಣ್ಣು ಅರಳುವುದು ಕೊನೆಯ ಹಂತದಲ್ಲಿ. ಹಳೆಯ ಕೋಟೆಯ ಮಣ್ಣು, ನವಸಾಗರ ಕಲಸಿ ತಿಕ್ಕಿದೊಡನೆ ಸತುವಿನ ಪಾತ್ರೆ ಕಪ್ಪಗಾಗಿ, ಬೆಳ್ಳಿಯ ಎಳೆ ಫಳ್ಳನೆ ಹೊಳೆಯುತ್ತದೆ. ಅದು ಕ್ಷಣದ ಕೆಲಸ. ಅದಕ್ಕೂ ಮೊದಲು ಉಳಿ ಹಿಡಿದು ಗೀರು ಕೊರೆದು, ಎಳೆ ಎಳೆಯಾಗಿ ಬೆಳ್ಳಿ ಕೂರಿಸಿದವನ ಬೆನ್ನು ಯಾರ ಫೋಟೊದಲ್ಲೂ ಬರುವುದಿಲ್ಲ. ಚನ್ನಪಟ್ಟಣದಲ್ಲಿ ತಿರುಗುವ ಮರಕ್ಕೆ ಅರಗಿನ ಬಣ್ಣ ಹತ್ತುವುದನ್ನು ಎಲ್ಲರೂ ನೋಡುತ್ತಾರೆ, ಮರ ಒಣಗಲು ಬಿಟ್ಟ ತಿಂಗಳುಗಳನ್ನು ಕೇಳುವವರಿಲ್ಲ.

ಆದ್ದರಿಂದ ಓದುಗರಲ್ಲಿ ಕೇಳಿಕೊಳ್ಳುವುದು ಇಷ್ಟೇ. ಪುಣೆಗೆ ಬಂದಾಗ ಶಿವಾಜಿನಗರಕ್ಕೆ ಕೆಲಸದ ದಿನ, ಮೊದಲೇ ವಿಚಾರಿಸಿಕೊಂಡು, ಬೆಳಗ್ಗೆ ಹೋಗಿ. ಬೀದರಿಗೋ, ಇಳಕಲ್ಲಿಗೋ, ಚನ್ನಪಟ್ಟಣಕ್ಕೋ ಹೋದರೂ ಮಾಡಿನೋಡುವ ಮೇಜಿನ ಮುಂದೆ ಕೂರುವುದಕ್ಕೆ ಮುಂಚೆ, ಕಚ್ಚಾ ಮಾಲು ಬಂದಿಳಿಯುವ ಕೋಣೆ ಎಲ್ಲಿದೆ, ಅಲ್ಲಿಂದ ತೋರಿಸುತ್ತೀರಾ ಎಂದು ಕೇಳಿ. ಬರುವಾಗ ಏನಾದರೂ ಕೊಂಡು, ಹೇಳಿದ ಬೆಲೆ ಕೊಟ್ಟು ಬನ್ನಿ.