ವಾಯಿದೆ ಮುಗಿದ ಕರಾರು

ಕೆಂಗೇರಿಯ ಆಚೆ ಸೈಟಿಗೆ ಅಡ್ವಾನ್ಸ್ ಕೊಟ್ಟು, ರಿಜಿಸ್ಟ್ರೇಶನ್ ಇವತ್ತಾಗುತ್ತೆ ನಾಳೆ ಆಗುತ್ತೆ ಎಂದು ಕಾಯುವವರು ನಮ್ಮ ವಿಜಯನಗರದಲ್ಲಿ ಬೀದಿಗೊಬ್ಬರು ಸಿಗುತ್ತಾರೆ. ನಮ್ಮ ಸೋದರಮಾವನೂ ಅವರಲ್ಲೊಬ್ಬರು. 2009ರಲ್ಲಿ ಮೂವತ್ತು ನಲವತ್ತರ ಸೈಟಿಗೆ ಐದು ಲಕ್ಷ ಮುಂಗಡ ಕೊಟ್ಟು ಕ್ರಯದ ಕರಾರು ಮಾಡಿಕೊಂಡರು. ಹನ್ನೊಂದು ತಿಂಗಳೊಳಗೆ ನೋಂದಣಿ ಎಂದು ಅದರಲ್ಲಿ ಬರೆದಿತ್ತು. ಮಾರುವವರು ಕೆಟ್ಟವರೇನಲ್ಲ. ಹೋದಾಗಲೆಲ್ಲ ಕಾಫಿ ಕೊಟ್ಟು, "ಕನ್ವರ್ಷನ್ ಒಂದು ಆಗ್ಲಿ ಸಾರ್, ನಿಮ್ ಸೈಟ್ ಎಲ್ಲೂ ಹೋಗಲ್ಲ" ಎನ್ನುತ್ತಿದ್ದರು. ಸೈಟು ಎಲ್ಲೂ ಹೋಗಲಿಲ್ಲ, ನಿಜ. ಅದನ್ನು ಕೋರ್ಟಿನಲ್ಲಿ ಕೇಳುವ ದಾರಿ ಹೋಯಿತು.

2014ರಲ್ಲಿ ಬಸವೇಶ್ವರನಗರದ ವಕೀಲರೊಬ್ಬರ ಮುಂದೆ ಮಾವನ ಪಕ್ಕ ನಾನೂ ಕೂತಿದ್ದೆ. ಅವರು ಕರಾರಿನ ಹಾಳೆ ತಿರುಗಿಸಿ ಹಿಂಬದಿ ನೋಡಿ, "ವಾಯಿದೆ ಮುಂದೂಡಿ ಷರಾ ಬರೆಸ್ಲಿಲ್ವಾ?" ಅಂದರು. ಬರೆಸಿರಲಿಲ್ಲ. 1963ರ ಕಾಲಮಿತಿ ಕಾಯ್ದೆಯ 54ನೇ ವಿಧಿಯಂತೆ, ಕರಾರಿನಲ್ಲಿ ದಿನ ಗೊತ್ತಾಗಿದ್ದರೆ ಆ ದಿನದಿಂದ ಮೂರು ವರ್ಷದೊಳಗೆ ದಾವೆ ಹೂಡಬೇಕು. ದಿನ ಹೇಳಿರದಿದ್ದರೆ, ಮಾರುವವರು ಒಲ್ಲೆ ಅಂದದ್ದು ತಿಳಿದಂದಿನಿಂದ ಎಣಿಕೆ. ಭದ್ರತೆಗೆಂದು ಬರೆಸಿದ ಹನ್ನೊಂದು ತಿಂಗಳ ಸಾಲೇ ಮಾವನಿಗೆ ಮುಳುವಾಯಿತು. ಎದುರಾಳಿ ಬಾಯಿ ಬಿಡದಿದ್ದರೂ ಅವಧಿ ಮೀರಿದ ದಾವೆಯನ್ನು ನ್ಯಾಯಾಲಯವೇ ವಜಾ ಮಾಡಬೇಕು. ತಡವನ್ನು ಮನ್ನಿಸುವ 5ನೇ ಸೆಕ್ಷನ್ ಮೇಲ್ಮನವಿ, ಅರ್ಜಿಗಳಿಗೆ ಸಲ್ಲುತ್ತದೆ, ಮೂಲ ದಾವೆಗೆ ಇಲ್ಲ. ಇಂಥ ದಾವೆಗೆ ಕೋರ್ಟ್ ಶುಲ್ಕ ಕರಾರಿನಲ್ಲಿ ಬರೆದ ಪೂರ್ತಿ ಬೆಲೆಯ ಮೇಲೆ ಬೀಳುತ್ತದೆ. ಬಹಳ ಜನ ಹಿಂಜರಿಯುವುದು ಅದಕ್ಕೇ.

ಮುಂಗಡ ವಾಪಸು ಕೇಳುವ ಅವಧಿಯೂ ಮುಗಿದಿದೆ ಅಂದರು ವಕೀಲರು. ಆದರೆ ಹಣದ ವಿಷಯದಲ್ಲಿ ಕಾನೂನು ಒಂದು ಕಿಂಡಿ ಬಿಟ್ಟಿದೆ. ಅವಧಿ ಮೀರಿದ ಸಾಲವನ್ನು ತೀರಿಸುತ್ತೇನೆಂದು ಸಾಲಗಾರ ಬರೆದು ಸಹಿ ಹಾಕಿದರೆ, 1872ರ ಕರಾರು ಕಾಯ್ದೆಯ 25ನೇ ಸೆಕ್ಷನ್ ಪ್ರಕಾರ ಅದು ಹೊಸ ಒಪ್ಪಂದವೇ. ವಕೀಲರು ನೋಟಿಸಿನ ಗೋಜಿಗೆ ಹೋಗಬೇಡಿ, ಕಾಫಿ ಕುಡಿಯುವಾಗಲೇ ಒಂದು ಪತ್ರ ಬರೆಸಿಕೊಳ್ಳಿ ಅಂದರು. ಮಾವ ಬರೆಸಿಕೊಂಡರು. ಐದು ಲಕ್ಷ ಬಡ್ಡಿಯಿಲ್ಲದೆ ಕಂತುಕಂತಾಗಿ ಬಂತು. ಅಷ್ಟರಲ್ಲಿ ಆ ದುಡ್ಡಿಗೆ ಅಲ್ಲಿ ಅರ್ಧ ಸೈಟೂ ಬರುತ್ತಿರಲಿಲ್ಲ.

ಜಾಗದ ಸ್ವಾಧೀನದ ಮಾತು ಬಂದರೆ ಕಾನೂನು ಇನ್ನೂ ಕಠಿಣ. ನಿಮ್ಮ ಜಾಗದಲ್ಲಿ ಇನ್ನೊಬ್ಬರು ರಾಜಾರೋಷವಾಗಿ, ನಿಮಗೆ ವಿರುದ್ಧವಾಗಿ ಹನ್ನೆರಡು ವರ್ಷ ಕೂತರೆ, ಕಾಲಮಿತಿ ಕಾಯ್ದೆಯ 27ನೇ ಸೆಕ್ಷನ್ನಿನಂತೆ ನಿಮ್ಮ ಹಕ್ಕೇ ಅಳಿಯುತ್ತದೆ. ಹಾಗೆಂದು ರಾಜಾಜಿನಗರದ ಹಳೇ ಮನೆಗಳ ಬಾಡಿಗೆದಾರರು ಹಿಗ್ಗಬೇಕಿಲ್ಲ. ಒಡೆಯನ ಒಪ್ಪಿಗೆಯಿಂದ ಎಷ್ಟು ಕಾಲ ಇದ್ದರೂ ಅದು ಪ್ರತಿಕೂಲ ಸ್ವಾಧೀನವಲ್ಲ. ಬೆಂಗಳೂರಿನದೇ ಆದ ಮುನಿಚಿಕ್ಕಣ್ಣ ರೆಡ್ಡಿ–ರೇವಮ್ಮ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 2007ರಲ್ಲಿ, ಬರೀ ಬಹುಕಾಲದ ಸ್ವಾಧೀನ ಸಾಲದು, ಒಡೆಯನನ್ನು ಹೊರಗಿಡುವ ಉದ್ದೇಶ ಕಾಣಬೇಕು ಎಂದಿತು. ಅಣ್ಣ ಇರುವ ಅಪ್ಪನ ಮನೆಯಲ್ಲಿ ತಂಗಿಯ ಪಾಲೂ ಹಾಗೆಯೇ: ಒಬ್ಬರ ಸ್ವಾಧೀನ ಎಲ್ಲರದೂ, ಅಣ್ಣ "ನಿಂಗೇನೂ ಇಲ್ಲ" ಎಂದು ಮುಖಕ್ಕೆ ಹೇಳುವವರೆಗೆ. ಅದು ತಿಳಿದ ದಿನದಿಂದ ಗಡಿಯಾರ ಓಡುತ್ತದೆ.

ನನಗೆ ಕಸಿವಿಸಿಯಾಗುವುದು ಪಿಟಿಸಿಎಲ್ (ಕೆಲವು ಜಮೀನುಗಳ ವರ್ಗಾವಣೆ ನಿಷೇಧ) ಕಾಯ್ದೆಯ ಜಮೀನುಗಳಲ್ಲಿ. ಪರಿಶಿಷ್ಟರಿಗೆ ಸರ್ಕಾರ ಮಂಜೂರು ಮಾಡಿದ ಭೂಮಿ ಅಕ್ರಮವಾಗಿ ಮಾರಾಟವಾಗಿದ್ದರೆ ಮರಳಿಸಬೇಕೆನ್ನುವ ಕಾಯ್ದೆ 1979ರ ಜನವರಿಯಲ್ಲಿ ಜಾರಿಗೆ ಬಂತು. ಅದರಲ್ಲಿ ಗಡುವೇ ಇರಲಿಲ್ಲ. ಆದರೂ ನೆಕ್ಕಂಟಿ ರಾಮಲಕ್ಷ್ಮಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 2017ರಲ್ಲಿ, ಸುಮಾರು 25 ವರ್ಷ ತಡವಾದ ಅರ್ಜಿ ನಿಲ್ಲದು ಎಂದಿತು. 2023ರಲ್ಲಿ ವಿಧಾನಮಂಡಲ ಕಾಲಮಿತಿ ಅನ್ವಯಿಸದೆಂದು ತಿದ್ದುಪಡಿ ತಂದಿತು. ಆ ಬಳಿಕವೂ ಅತಿ ವಿಳಂಬದ ಅರ್ಜಿಗಳನ್ನು ಹೈಕೋರ್ಟ್ ತಳ್ಳಿಹಾಕಿದೆ. ಓದುಬರಹ ಬಲ್ಲ ನಮ್ಮ ಮಾವನ ತಡವನ್ನೂ ಕಾಯ್ದೆಯಿರುವುದೇ ಗೊತ್ತಿಲ್ಲದ ಕೂಲಿಯವನ ತಡವನ್ನೂ ಒಂದೇ ತಕ್ಕಡಿಗೆ ಹಾಕುವುದು ನನಗಂತೂ ಸರಿಕಾಣದು. ಕೊಳ್ಳುವವರಿಗೂ ಇದರಿಂದ ನೆಮ್ಮದಿಯಿಲ್ಲ: ಎಷ್ಟು ವರ್ಷವಾದರೆ ಅತಿ ವಿಳಂಬ ಎಂದು ಯಾರೂ ಗೆರೆ ಎಳೆದಿಲ್ಲ. ರೆವಿನ್ಯೂ ಸೈಟಿಗೆ ಮುಂಗಡ ಕೊಡುವ ಮುಂಚೆ ಮೂಲ ಮಂಜೂರಾತಿ ಆದೇಶ ಯಾರ ಹೆಸರಲ್ಲಿತ್ತೆಂದು ತಾಲ್ಲೂಕು ಕಚೇರಿಯಲ್ಲಿ ನಕಲು ಪಡೆದು ನೋಡಿ; ಋಣಭಾರ ಪತ್ರದಲ್ಲಿ (ಇ.ಸಿ.) ಅದು ಸಿಗುವುದಿಲ್ಲ.