ಕಳಸದಲ್ಲಿ ಕೂತು ಐಇಎಲ್‌ಟಿಎಸ್‌ಗೆ ಓದಿದ್ದು

ಬ್ರಿಟನ್ನಿನಲ್ಲಿ ನರ್ಸ್ ಆಗಿ ನೋಂದಾಯಿಸಿಕೊಳ್ಳಲು ಐಇಎಲ್‌ಟಿಎಸ್ ಅಕಾಡೆಮಿಕ್ ಇಂಗ್ಲಿಷ್ ಪರೀಕ್ಷೆ ಬರೆಯುವವರಿಗೆ ಕೇಳುವ, ಓದುವ, ಮಾತಾಡುವ ಭಾಗಗಳಲ್ಲಿ 7 ಬ್ಯಾಂಡ್ ಬೇಕು, ಬರವಣಿಗೆಯಲ್ಲಿ 6.5. ಮೊದಲು ಬರವಣಿಗೆಗೂ 7 ಇತ್ತು, 2018ರ ಕೊನೆಗೆ ಇಳಿಸಿದರು. ಆ ಅರ್ಧ ಬ್ಯಾಂಡಿನ ಬೆಲೆ ಪರೀಕ್ಷೆಗೆ ಕೂತವರಿಗೆ ಗೊತ್ತು.

ಬೆಂಗಳೂರಿನಲ್ಲಿ ಪಿ.ಜಿ. ಹಿಡಿದು ಕೋಚಿಂಗ್‌ಗೆ ಹೋಗುವ ಅನುಕೂಲ ನನಗಿರಲಿಲ್ಲ. ಅರೇಬಿಕಾ ಕಾಫಿ ಕೊಯ್ಲು ಮುಗಿದ ಮೇಲೆ ಕಳಸದ ಹತ್ತಿರದ ನಮ್ಮ ಮನೆಯಲ್ಲೇ ಓದಲು ಕೂತೆ. ಹತ್ತನೇ ತರಗತಿವರೆಗೆ ಕನ್ನಡ ಮಾಧ್ಯಮ. ಆದರೂ ನರ್ಸಿಂಗ್ ಪುಸ್ತಕಗಳನ್ನು ಇಂಗ್ಲಿಷಿನಲ್ಲೇ ಓದಿದ್ದರಿಂದ ಓದುವ ಭಾಗ ಅಷ್ಟಾಗಿ ಕಾಡಲಿಲ್ಲ. ಕಾಡಿದ್ದು ಬರವಣಿಗೆ.

60 ನಿಮಿಷದಲ್ಲಿ ಎರಡು ಬರಹ ಆಗಬೇಕು. ಮೊದಲನೆಯದು ಕನಿಷ್ಠ 150 ಪದ, ಎರಡನೆಯದು 250. ಎರಡನೆಯದಕ್ಕೆ ದುಪ್ಪಟ್ಟು ತೂಕ. ಹಾಗಾಗಿ ಮೊದಲನೆಯದನ್ನು 20 ನಿಮಿಷಕ್ಕೆ ಮುಗಿಸಲೇಬೇಕು. ಅದರಲ್ಲಿ ಕೋಷ್ಟಕ, ಗ್ರಾಫ್ ಬರುತ್ತವೆ. ಕೆಲವೊಮ್ಮೆ ಒಂದು ವಸ್ತು ತಯಾರಾಗುವ ಕ್ರಮದ ಚಿತ್ರ ಕೊಟ್ಟು ವಿವರಿಸಿ ಎನ್ನುತ್ತಾರೆ. ಅಂಥದ್ದು ನಮ್ಮ ಮನೆ ಹಿಂದೆಯೇ ಇತ್ತಲ್ಲ! ಹಣ್ಣು ಕೊಯ್ದು ತಂದು, ಹಸಿರುಕಾಯಿ ಆರಿಸಿ ತೆಗೆದು, ಪಲ್ಪರ್‌ಗೆ ಹಾಕಿ ಸಿಪ್ಪೆ ಬಿಡಿಸಿ, ಲೋಳೆ ಹೋಗಲು ತೊಟ್ಟಿಯಲ್ಲಿ ಹುಳಿಯಲು ಬಿಟ್ಟು, ತೊಳೆದು, ಕಣದಲ್ಲಿ ಹರಡಿ ಒಣಗಿಸಿ ಪಾರ್ಚ್‌ಮೆಂಟ್ ಮಾಡುವವರೆಗಿನ ಕೆಲಸವನ್ನೆಲ್ಲ ಇಂಗ್ಲಿಷಿನಲ್ಲಿ ಬರೆದೆ. ನಿವೃತ್ತ ಹೈಸ್ಕೂಲ್ ಮೇಷ್ಟ್ರೊಬ್ಬರಿಗೆ ತೋರಿಸಿದೆ. ವ್ಯಾಕರಣಕ್ಕೆ ಕೈಹಾಕುವ ಮೊದಲೇ ಅವರು, "ಒಟ್ಟು ಕೆಲಸ ಏನು, ಎಲ್ಲಿ ಶುರುವಾಗಿ ಎಲ್ಲಿ ಮುಗಿಯುತ್ತೆ ಅಂತ ಮೊದಲು ಹೇಳಮ್ಮ. ಆಮೇಲೆ ಪಲ್ಪರ್ ಹತ್ರ ಬಾ" ಎಂದರು. ಪರೀಕ್ಷಕರು ಹುಡುಕುವುದೂ ಅದನ್ನೇ. ಆ ಸ್ಥೂಲನೋಟದ ಎರಡು ವಾಕ್ಯ ಇಲ್ಲದಿದ್ದರೆ ಉಳಿದದ್ದು ಎಷ್ಟೇ ಚೆನ್ನಾಗಿದ್ದರೂ ಬ್ಯಾಂಡ್ ಏರುವುದಿಲ್ಲ. ಎರಡನೆಯ ಬರಹವಾದ ಪ್ರಬಂಧಕ್ಕೂ ಮೇಷ್ಟ್ರದು ಅದೇ ಪಟ್ಟು: ನಿನ್ನ ನಿಲುವು ಮೊದಲ ಪ್ಯಾರಾದಲ್ಲೇ ಕಾಣಬೇಕು, ಪ್ರಶ್ನೆಯ ಯಾವ ಭಾಗವೂ ಬಿಟ್ಟುಹೋಗಬಾರದು.

ಕೇಳುವ ಭಾಗದಲ್ಲಿ ಧ್ವನಿಯನ್ನು ಒಂದೇ ಸಲ ಹಾಕುತ್ತಾರೆ. ಕರೆಂಟು, ನೆಟ್‌ವರ್ಕ್ ಎರಡನ್ನೂ ನೆಚ್ಚುವಂತಿರಲಿಲ್ಲವಾದ್ದರಿಂದ ಅಭ್ಯಾಸದ ಆಡಿಯೋಗಳನ್ನು ಪೇಟೆಗೆ ಹೋದಾಗ ಮೊಬೈಲಿಗೆ ಇಳಿಸಿಕೊಂಡು ಬರುತ್ತಿದ್ದೆ. ಮಾತಿನ ಭಾಗಕ್ಕೆ ಗೆಳತಿಯೊಬ್ಬಳು ಫೋನಿನಲ್ಲಿ ವಿಷಯ ಕೊಡುತ್ತಿದ್ದಳು. ಒಂದು ನಿಮಿಷ ಯೋಚನೆ, ಎರಡು ನಿಮಿಷ ಮಾತು, ಪರೀಕ್ಷೆಯಲ್ಲಿ ಇರುವ ಹಾಗೆಯೇ.

ಬರವಣಿಗೆಯಲ್ಲಿ ನನಗೆ 7 ಬಂತು. ಅದರ ಶ್ರೇಯಸ್ಸು ಮೇಷ್ಟ್ರ ಕೆಂಪು ಪೆನ್ನಿಗೇ ಸಲ್ಲಬೇಕು.

ಕಳಸ, ಮೂಡಿಗೆರೆ ಕಡೆ ನರ್ಸಿಂಗ್ ಓದಿರುವ ತಂಗಿಯರೇ, ಕೋಚಿಂಗ್ ಇಲ್ಲವೆಂದು ಕೈಬಿಡಬೇಡಿ. ಬರೆದದ್ದನ್ನು ಓದಿ ತಿದ್ದುವವರೊಬ್ಬರನ್ನು ಮೊದಲು ಹುಡುಕಿಕೊಳ್ಳಿ. ಆಸ್ಪತ್ರೆಯ ಇಂಗ್ಲಿಷೇ ಸಲೀಸು ಎನಿಸಿದರೆ ಒಇಟಿ ಪರೀಕ್ಷೆಯನ್ನೂ ಬ್ರಿಟನ್ ಒಪ್ಪುತ್ತದೆ; ಅದರಲ್ಲಿ ಪ್ರಬಂಧದ ಬದಲು ರೋಗಿಯ ಬಗ್ಗೆ ಪತ್ರ ಬರೆಯಬೇಕು. ಐಇಎಲ್‌ಟಿಎಸ್ ಫಲಿತಾಂಶ ಊರ್ಜಿತವಾಗಿರುವುದು ಎರಡೇ ವರ್ಷ. ಉಳಿದ ಕಾಗದಪತ್ರಗಳನ್ನು ಸಿದ್ಧಮಾಡಿಕೊಂಡೇ ಪರೀಕ್ಷೆಗೆ ದುಡ್ಡು ಕಟ್ಟಿ.